ಜಪಾನಿ ಕಟ್ಲೆಟ್ ಸ್ಯಾಂಡ್‌ವಿಚ್: ಮೊದಲು ಮನೆಯಲ್ಲಿ ಮಾಡಿ ನೋಡಿ, ಆಮೇಲೆ ಆರ್ಡರ್ ಹಿಡಿಯಿರಿ



ಕರ್ನಾಟಕದ ಹೊರಗೆ ಅಡುಗೆ ಕೆಲಸ ಮಾಡುತ್ತಿರುವ ನಮ್ಮವರಿಗೆ ಅನುಕೂಲವಾಗಲೆಂದು ಈ ಸಂಚಿಕೆಯಲ್ಲಿ ಒಂದು ಹೊಸ ತಿನಿಸನ್ನು ವಿವರವಾಗಿ ತಿಳಿಸುತ್ತಿದ್ದೇವೆ. ಊರು ನಾಶಿಕ್ ಜಿಲ್ಲೆಯ ಓಝರ್. ಅಷ್ಟವಿನಾಯಕರಲ್ಲಿ ಒಬ್ಬನಾದ ವಿಘ್ನೇಶ್ವರನ ಓಝರ್ ಬೇರೆ, ಅದು ಪುಣೆ ಜಿಲ್ಲೆಯದು. ನಾವು ಹೇಳುತ್ತಿರುವುದು ಮುಂಬೈ-ಆಗ್ರಾ ಹೆದ್ದಾರಿಯ ಮೇಲಿನ, ಎಚ್‌ಎಎಲ್ ವಿಮಾನ ಕಾರ್ಖಾನೆಯ ಓಝರ್. ಮಿಗ್ ವಿಮಾನಗಳಿಗಾಗಿ 1964ರಲ್ಲಿ ಆರಂಭವಾದ ಈ ಕಾರ್ಖಾನೆಯ ಕೇಂದ್ರ ಕಚೇರಿ ಬೆಂಗಳೂರಿನಲ್ಲಿರುವುದರಿಂದ ಕನ್ನಡದ ಮನೆಗಳು ಇಲ್ಲಿಗೆ ಹೊಸದಲ್ಲ. ಇಲ್ಲಿಂದ ರಸ್ತೆಯಲ್ಲಿ ಕೆಲವು ಗಂಟೆ ಹೋದರೆ ಛತ್ರಪತಿ ಸಂಭಾಜಿನಗರ, ಅದರ ಆಚೀಚೆ ಎಲ್ಲೋರಾ ಮತ್ತು ಅಜಂತಾ. ಬೌದ್ಧ ಗುಹೆಗಳನ್ನು ನೋಡಲು ಜಪಾನಿನಿಂದ ಯಾತ್ರಿಕರು ಬರುವ ದಾರಿ ಇದು. ಗುಹೆಗಳ ಸಂರಕ್ಷಣೆಗೆ, ಪ್ರವಾಸಿ ಸೌಕರ್ಯಕ್ಕೆ 1990ರ ದಶಕದಿಂದ ಜಪಾನ್ ಸರ್ಕಾರವೇ ಸಾಲದ ನೆರವು ಕೊಟ್ಟಿದೆ.

ಇಂಥ ದಾರಿಯಲ್ಲಿ ಅಡುಗೆ ಮಾಡುವವರು ಕಲಿತಿಟ್ಟುಕೊಳ್ಳಬೇಕಾದ ಬುತ್ತಿ ತಿನಿಸು 'ಕಾತ್ಸು ಸ್ಯಾಂಡೋ'. ಬ್ರೆಡ್ ಪುಡಿ ಹಚ್ಚಿ ಕರಿದ ಹಂದಿಮಾಂಸದ ಕಟ್ಲೆಟ್ಟನ್ನು ಮೆತ್ತನೆಯ ಬ್ರೆಡ್ಡಿನ ನಡುವೆ ಇಟ್ಟು ಕತ್ತರಿಸಿ ಕೊಡುವ ಸ್ಯಾಂಡ್‌ವಿಚ್. ಟೊಯೋಟಾ ಕಾರ್ಖಾನೆ ಬಂದ ಮೇಲೆ ಬಿಡದಿ, ಬೆಂಗಳೂರಿನ ಕಡೆಗೂ ಜಪಾನಿ ಕುಟುಂಬಗಳು ಬಂದಿವೆ. ಆದ್ದರಿಂದ ಕರ್ನಾಟಕದ ಸದಸ್ಯರಿಗೂ ಇದು ಉಪಯೋಗಕ್ಕೆ ಬಂದೀತು.

ಈ ತಿನಿಸಿಗೆ ದೊಡ್ಡ ಯಂತ್ರ ಬೇಡ. ಮನೆಯ ಒಲೆ, ಒಂದು ದಪ್ಪ ಬಾಣಲೆ, ಒಂದು ಥರ್ಮಾಮೀಟರ್ ಸಾಕು. ಆದರೆ ಎರಡು ವಿಷಯದಲ್ಲಿ ಸ್ವಲ್ಪವೂ ಸಡಿಲ ಬಿಡುವಂತಿಲ್ಲ. ಒಂದು ನೀರು, ಇನ್ನೊಂದು ನಂಬಿಕೆ. ನೀರು ಜಾಗ ಬಿಟ್ಟು ಹರಿದರೆ ತಿನಿಸು ಕೆಡುತ್ತದೆ. ನಂಬಿಕೆ ಹೋದರೆ ವ್ಯಾಪಾರವೇ ಕೆಡುತ್ತದೆ.

ಇದು ನಮ್ಮ ಕಟ್ಲೆಟ್ಟಿನ ದಾಯಾದಿ

ಹೆಸರು ಕೇಳಿ ಹೆದರಬೇಕಿಲ್ಲ. ಫ್ರೆಂಚರ 'ಕೋತ್ಲೆತ್' ಇಂಗ್ಲಿಷರ ಬಾಯಲ್ಲಿ ಕಟ್ಲೆಟ್ ಆಗಿ ನಮ್ಮ ರೈಲ್ವೆ ಕ್ಯಾಂಟೀನಿಗೂ ಕಾಫಿ ಹೌಸಿಗೂ ಬಂತು. ಅದೇ ಮಾತು ಜಪಾನಿಗೆ ಹೋಗಿ 'ಕಾತ್ಸುರೆತ್ಸು' ಆಯಿತು, ಕುಗ್ಗಿ 'ಕಾತ್ಸು' ಆಯಿತು. 'ತೊನ್' ಎಂದರೆ ಹಂದಿ, 'ತೊನ್ಕಾತ್ಸು' ಎಂದರೆ ಹಂದಿಮಾಂಸದ ಕಟ್ಲೆಟ್. ನಮ್ಮಲ್ಲಿ ಕಟ್ಲೆಟ್ ಎಂದರೆ ಬೇಯಿಸಿ ಕಿವುಚಿದ ಆಲೂಗಡ್ಡೆ ಅಥವಾ ಖೀಮಾ. ಅವರಲ್ಲಿ ಕೊಯ್ದ ಇಡೀ ಮಾಂಸದ ತುಂಡು. ವ್ಯತ್ಯಾಸ ಅಷ್ಟೇ.

ಜಪಾನಿನಲ್ಲಿ ಬೌದ್ಧ ಧರ್ಮದ ಪ್ರಭಾವದಿಂದ ಬಹುಕಾಲ ಮಾಂಸ ತಿನ್ನುವುದಕ್ಕೆ ಕಟ್ಟುಪಾಡು ಇತ್ತು. 1872ರಲ್ಲಿ ಮೇಜಿ ಚಕ್ರವರ್ತಿ ಬಹಿರಂಗವಾಗಿ ಮಾಂಸ ಸೇವಿಸಿದ ಮೇಲೆ ಪಾಶ್ಚಾತ್ಯ ಅಡುಗೆಗೆ ದಾರಿಯಾಯಿತು. ಟೋಕಿಯೊದ ಗಿಂಜಾದಲ್ಲಿರುವ ರೆಂಗಾತೇ ಎಂಬ ಹೋಟೆಲು 1899ರಲ್ಲಿ ಹಂದಿಮಾಂಸದ ಕಟ್ಲೆಟ್ಟನ್ನು ತುಂಬಿದ ಎಣ್ಣೆಯಲ್ಲಿ ಕರಿದು ಕೊಡತೊಡಗಿತು ಎಂದು ದಾಖಲೆ. ಸ್ಯಾಂಡ್‌ವಿಚ್ ಬಂದದ್ದು 1935ರ ಹೊತ್ತಿಗೆ, ಅದೇ ನಗರದ ಉಏನೊ ಭಾಗದ ಇಸೆನ್ ಎಂಬ ಅಂಗಡಿಯಲ್ಲಿ. ಅಲಂಕಾರ ಮಾಡಿಕೊಂಡ ಗೇಷಾ ಕಲಾವಿದೆಯರು ತುಟಿಯ ಬಣ್ಣ ಅಳಿಸದಂತೆ ತಿನ್ನಲೆಂದು ಚಿಕ್ಕದಾಗಿ ಮಾಡಿದರು ಎಂದು ಹೇಳುತ್ತಾರೆ.

ಈ ಕಥೆಯಲ್ಲಿ ನಮಗೆ ಬೇಕಾದ ಮಾತು ಒಂದಿದೆ. ಇದು ಬಾಣಲೆಯಿಂದ ಎಲೆಗೆ ಬೀಳುವ ತಿನಿಸಲ್ಲ. ಕಟ್ಟಿಕೊಂಡು ಹೋಗಿ, ಆರಿದ ಮೇಲೆ, ಚಮಚವಿಲ್ಲದೆ, ಎರಡು ತುತ್ತಿಗೆ ತಿನ್ನುವ ತಿನಿಸು. ಮುಂದೆ ಹೇಳುವ ಪ್ರತಿ ಹಂತವೂ ಇದಕ್ಕಾಗಿಯೇ ಇದೆ.

ಹತ್ತು ಸ್ಯಾಂಡ್‌ವಿಚ್‌ಗೆ ಸಾಮಾನು

ಹಂದಿಯ ಬೆನ್ನಿನ ಮಾಂಸ, ಅಂದರೆ ಲಾಯಿನ್, ಚೊಕ್ಕ ಮಾಡಿದ ಮೇಲೆ 1.2 ಕೆ.ಜಿ. (ತರುವಾಗ 1.4 ಕೆ.ಜಿ. ತನ್ನಿ)
ಹಾಲಿನ ಸ್ಯಾಂಡ್‌ವಿಚ್ ಬ್ರೆಡ್, ಒಂದೂವರೆ ಸೆಂ.ಮೀ. ದಪ್ಪದ 20 ಹೋಳು
ಒರಟು ಬ್ರೆಡ್ ಪುಡಿ 300 ಗ್ರಾಂ
ಮೈದಾ 150 ಗ್ರಾಂ, ಮೊಟ್ಟೆ 4
ಎಲೆಕೋಸು 400 ಗ್ರಾಂ
ಬೆಣ್ಣೆ 150 ಗ್ರಾಂ, ಸಾಸಿವೆ ಪುಡಿ 2 ಚಮಚ
ಉಪ್ಪು 12 ಗ್ರಾಂ, ಕರಿಮೆಣಸಿನ ಪುಡಿ 1 ಚಮಚ
ಕರಿಯಲು ಎಣ್ಣೆ 2 ಲೀಟರ್

ಮಾಂಸ

ಹಂದಿಮಾಂಸದ ಅಡುಗೆ ಕನ್ನಡ ನಾಡಿಗೆ ಹೊಸದಲ್ಲ. ಕೊಡಗಿನ ಪಂದಿಕರಿ, ಮಂಗಳೂರು ಕ್ರೈಸ್ತರ ದುಕ್ರಾಮಾಸ್ ಮಾಡಿ ಕೈ ಪಳಗಿದ ಸದಸ್ಯರು ನಮ್ಮಲ್ಲೇ ಇದ್ದಾರೆ. ಆದರೆ ಆ ಕೈಯಳತೆ ಇಲ್ಲಿ ಹೊಂದುವುದಿಲ್ಲ. ಪಂದಿಕರಿಗೆ ಕೊಬ್ಬು, ಚರ್ಮ ಸಮೇತದ ತುಂಡು ಬೇಕು, ನಿಧಾನವಾಗಿ ಬೇಯಬೇಕು, ಕೊನೆಗೆ ಕಾಚಂಪುಳಿ ಬೀಳಬೇಕು. ಕಾತ್ಸುಗೆ ಬೆನ್ನುಮೂಳೆಯ ಎರಡು ಬದಿಯ ಮೆತ್ತನೆಯ ಮಾಂಸವೇ ಬೇಕು. ಅಲ್ಲಿ ಗಂಟೆಗಟ್ಟಲೆ ಬೇಯುವುದರಿಂದ ನಾರು ಕರಗುತ್ತದೆ. ಇಲ್ಲಿ ಬಾಣಲೆಯಲ್ಲಿ ಇರುವುದೇ ಐದು ನಿಮಿಷ, ನಾರಿದ್ದರೆ ಹಾಗೇ ಉಳಿಯುತ್ತದೆ.

ಮಾಂಸವನ್ನು ನಾರಿಗೆ ಅಡ್ಡವಾಗಿ ಒಂದೂವರೆ ಸೆಂ.ಮೀ. ದಪ್ಪಕ್ಕೆ ಕೊಯ್ಯಿರಿ. ಅಂಚಿನ ಕೊಬ್ಬಿಗೂ ಮಾಂಸಕ್ಕೂ ನಡುವೆ ಬಿಳಿಯ ಪೊರೆ ಇರುತ್ತದೆ. ಅದಕ್ಕೆ ಎರಡೆರಡು ಸೆಂ.ಮೀ. ಅಂತರದಲ್ಲಿ ಚಾಕುವಿನ ಮೊನೆಯಿಂದ ಗೀರು ಹಾಕಿ. ಗೀರು ಹಾಕದಿದ್ದರೆ ಬಿಸಿ ಎಣ್ಣೆಯಲ್ಲಿ ಪೊರೆ ಕುಗ್ಗಿ ಕಟ್ಲೆಟ್ ಬಟ್ಟಲಿನಂತೆ ಸುರುಟಿಕೊಳ್ಳುತ್ತದೆ. ಆಮೇಲೆ ಲಟ್ಟಣಿಗೆಯ ತುದಿಯಿಂದ ಹಗುರವಾಗಿ ಬಡಿದು ಒಂದು ಸೆಂ.ಮೀ.ಗೆ ಸ್ವಲ್ಪ ಹೆಚ್ಚು ದಪ್ಪ ಉಳಿಸಿ, ಬ್ರೆಡ್ಡಿನ ಅಳತೆಗೆ ಚೌಕ ಮಾಡಿ. ಒಂದು ತುಂಡು 120 ಗ್ರಾಂ ತೂಗಬೇಕು. ತೂಕ ಹೆಚ್ಚುಕಡಿಮೆಯಾದರೆ ಬೇಯುವ ಸಮಯವೂ ಹೆಚ್ಚುಕಡಿಮೆಯಾಗುತ್ತದೆ.

ಉಪ್ಪು, ಮೆಣಸು ಸವರಿ 15 ನಿಮಿಷ ಬಿಟ್ಟು, ಮೇಲೆ ಒಸರಿದ ನೀರನ್ನು ಅಡುಗೆ ಕಾಗದದಿಂದ ಒತ್ತಿ ಒರೆಸಿ. ಈ ನೀರು ಉಳಿದರೆ ಮೈದಾ ಅಂಟಾಗುತ್ತದೆ, ಕರಿದ ಮೇಲೆ ಹೊದಿಕೆ ಮಾಂಸದಿಂದ ಬಿಟ್ಟುಕೊಳ್ಳುತ್ತದೆ.

ಬ್ರೆಡ್ ಪುಡಿ: ರವೆ ಏಕೆ ಬೇಡ

ನಮ್ಮ ಕೈ ತಾನಾಗಿ ರವೆಯ ಡಬ್ಬಕ್ಕೆ ಹೋಗುತ್ತದೆ. ಮೀನಿನ ರವಾ ಫ್ರೈ ಬಿಸಿಯಿರುವಾಗ ಬಲು ರುಚಿ, ಅದರಲ್ಲಿ ಎರಡು ಮಾತಿಲ್ಲ. ಆದರೆ ಆರಿದ ಮೇಲೆ ರವೆಯ ಕಾಳು ಗಟ್ಟಿಯಾಗಿ ಹಲ್ಲಿಗೆ ಮರಳಿನಂತೆ ಸಿಗುತ್ತದೆ, ಮೆತ್ತನೆಯ ಬ್ರೆಡ್ಡಿನೊಳಗೆ ಅದು ಇನ್ನೂ ಎದ್ದು ಕಾಣುತ್ತದೆ. ರಸ್ಕಿನ ಪುಡಿಯೂ ಬೇಡ. ಅದು ತೀರ ನುಣ್ಣಗೆ, ಸಕ್ಕರೆಯ ಅಂಶದಿಂದ ಬೇಗ ಕೆಂಪಗಾಗುತ್ತದೆ, ಒಳಗೆ ಮಾಂಸ ಇನ್ನೂ ಹಸಿಯೇ ಇರುತ್ತದೆ.

ಬೇಕಾದದ್ದು 'ಪಾಂಕೊ' ಎಂಬ ಒರಟು ಪುಡಿ. ಒಂದು ದಿನ ಹಳೆಯ ಬಿಳಿ ಬ್ರೆಡ್ಡಿನ ಅಂಚು ತೆಗೆದು, ದೊಡ್ಡ ಕಣ್ಣಿನ ತುರಿಮಣೆಯಲ್ಲಿ ತುರಿದು, ತಟ್ಟೆಯಲ್ಲಿ ಹರವಿ ಫ್ಯಾನಿನ ಕೆಳಗೆ ಒಂದೆರಡು ಗಂಟೆ ಆರಿಸಿದರೆ ಸಿದ್ಧ. ಮಿಕ್ಸಿಗೆ ಹಾಕಿದರೆ ಹಿಟ್ಟಾಗುತ್ತದೆ, ಬೇಡ. ಒರಟು ಪುಡಿಯ ಚೂರುಗಳ ನಡುವೆ ಗಾಳಿ ಇರುತ್ತದೆ. ಕರಿಯುವಾಗ ಮಾಂಸದ ಹಬೆ ಆ ಸಂದಿಯಲ್ಲಿ ಹೊರಗೆ ಹೋಗುತ್ತದೆ. ಹಾಗಾಗಿ ಹೊದಿಕೆ ಗರಿಗರಿಯಾಗುತ್ತದೆ, ಆರಿದ ಮೇಲೂ ರಬ್ಬರಿನಂತೆ ಆಗುವುದಿಲ್ಲ.

ಹಚ್ಚುವ ಕ್ರಮ ಹೀಗೆ: ಮೊದಲು ಒಣ ಮೈದಾ, ಜಾಸ್ತಿಯಾದದ್ದನ್ನು ಕೊಡವಿಬಿಡಿ. ಎರಡನೆಯದು ಮೊಟ್ಟೆ, ಅದಕ್ಕೆ ಒಂದು ಚಮಚ ಮೈದಾ, ಒಂದು ಚಮಚ ನೀರು ಸೇರಿಸಿ ಕದಡಿದರೆ ಹಿಡಿತ ಗಟ್ಟಿ. ಮೂರನೆಯದು ಬ್ರೆಡ್ ಪುಡಿ, ಅದರ ಗುಡ್ಡೆಯ ಮೇಲಿಟ್ಟು ಮೇಲಿಂದಲೂ ಸುರಿದು ಅಂಗೈಯಿಂದ ಮೃದುವಾಗಿ ಒತ್ತಿ. ಒಂದು ಕೈ ಒಣ ಕೆಲಸಕ್ಕೆ, ಇನ್ನೊಂದು ಕೈ ಹಸಿ ಕೆಲಸಕ್ಕೆ ಇರಲಿ. ಹಚ್ಚಿದ ಮೇಲೆ ಫ್ರಿಜ್ಜಿನಲ್ಲಿ ಹತ್ತು ನಿಮಿಷ ಇಟ್ಟರೆ ಹೊದಿಕೆ ಕೂರುತ್ತದೆ.

ಕರಿಯುವುದು

ಎಣ್ಣೆ ಬಾಣಲೆಯ ಅರ್ಧಕ್ಕಿಂತ ಹೆಚ್ಚು ಇರಬಾರದು. 170 ಡಿಗ್ರಿ ಸೆಲ್ಸಿಯಸ್‌ಗೆ ಬಂದಾಗ ಎರಡೇ ತುಂಡು ಬಿಡಿ. ನಾಲ್ಕು ಬಿಟ್ಟರೆ ಎಣ್ಣೆ ತಣಿದು ಹೊದಿಕೆ ಎಣ್ಣೆ ಕುಡಿಯುತ್ತದೆ. ಮೊದಲ ಒಂದು ನಿಮಿಷ ಮುಟ್ಟಬೇಡಿ. ಒಟ್ಟು ಮೂರೂವರೆ ನಿಮಿಷ, ನಡುವೆ ಒಮ್ಮೆ ತಿರುವಿ. ತೆಗೆದು ಜಾಲರಿಯ ಮೇಲೆ ಮೂರು ನಿಮಿಷ ಬಿಡಿ. ಆ ಹೊತ್ತಿನಲ್ಲಿ ಹೊರಗಿನ ಶಾಖ ಒಳಗೆ ಇಳಿಯುತ್ತದೆ. ಎಣ್ಣೆಯನ್ನು 180 ಡಿಗ್ರಿಗೆ ಏರಿಸಿ ಮತ್ತೆ ಒಂದು ನಿಮಿಷ ಕರಿಯಿರಿ. ಎರಡನೆಯ ಸಲ ಕರಿಯುವುದು ಬಣ್ಣಕ್ಕೂ, ಹೊದಿಕೆಯ ನೀರು ತೆಗೆಯಲಿಕ್ಕೂ. ಕರಿದದ್ದನ್ನು ಜಾಲರಿಯ ಮೇಲೆ ನಿಲ್ಲಿಸಿಡಿ, ಒಂದರ ಮೇಲೊಂದು ಪೇರಿಸಬೇಡಿ. ನ್ಯೂಸ್‌ಪೇಪರ್ ಮೇಲೆ ಹಾಕುವ ರೂಢಿ ಬಿಡಬೇಕು. ಮುದ್ರಣದ ಶಾಯಿ ಆಹಾರಕ್ಕೆ ಹತ್ತುತ್ತದೆಂದು ಆಹಾರ ಸುರಕ್ಷತಾ ಪ್ರಾಧಿಕಾರ 2016ರಲ್ಲೇ ಎಚ್ಚರಿಸಿದೆ.

ಬೆಂದಿದೆಯೇ? ಕಣ್ಣಂದಾಜು ಸಾಲದು

ಹಂದಿಮಾಂಸದ ವಿಷಯದಲ್ಲಿ 'ಬಣ್ಣ ಬಂದಿದೆ, ಸಾಕು' ಎನ್ನುವ ಹಾಗಿಲ್ಲ. ಸರಿಯಾಗಿ ಬೇಯದ ಹಂದಿಮಾಂಸದಿಂದ ಲಾಡಿಹುಳು ಹೊಟ್ಟೆ ಸೇರಬಹುದು. ಬ್ಯಾಕ್ಟೀರಿಯಾ, ಹೆಪಟೈಟಿಸ್ ಇ ವೈರಸ್ಸಿನ ಭಯವೂ ಉಂಟು. ಹಸಿ ಮೀನು ತಿನ್ನುವ ಜಪಾನೀಯರೇ 2015ರಲ್ಲಿ ಹೋಟೆಲುಗಳಲ್ಲಿ ಹಸಿ ಹಂದಿಮಾಂಸ ಬಡಿಸುವುದನ್ನು ನಿಷೇಧಿಸಿದರು. ಅವರ ನಿಯಮದ ಪ್ರಕಾರ ಮಾಂಸದ ನಡುಭಾಗ 63 ಡಿಗ್ರಿಯಲ್ಲಿ 30 ನಿಮಿಷ, ಅಥವಾ 75 ಡಿಗ್ರಿಯಲ್ಲಿ ಒಂದು ನಿಮಿಷ ಇರಬೇಕು. ಕರಿಯುವವರಿಗೆ ಎರಡನೆಯ ಲೆಕ್ಕ ಸುಲಭ.

ಮೊನೆಯ ಥರ್ಮಾಮೀಟರನ್ನು ಮೇಲಿಂದಲ್ಲ, ಪಕ್ಕದಿಂದ ನಡುಭಾಗಕ್ಕೆ ಚುಚ್ಚಿ ನೋಡಿ. 75ಕ್ಕೆ ಬಂದು ಒಂದು ನಿಮಿಷ ನಿಲ್ಲಬೇಕು, ಕಡಿಮೆಯಿದ್ದರೆ ಮತ್ತೆ ಎಣ್ಣೆಗೆ. ಪ್ರತಿ ಸುತ್ತಿನಲ್ಲೂ ಎಲ್ಲಕ್ಕಿಂತ ದಪ್ಪ ತುಂಡನ್ನೇ ಆರಿಸಿ ನೋಡಿ.

ಇನ್ನೊಂದು ಮಾತನ್ನು ಅಡುಗೆಯವರೆಲ್ಲ ತಿಳಿದಿರಬೇಕು. ಲಾಡಿಹುಳದಿಂದ ಮೆದುಳಿಗೆ ತಗಲುವ ಕಾಯಿಲೆ ಬರುವುದು ಮಾಂಸದಿಂದ ನೇರವಾಗಿ ಅಲ್ಲ, ಹುಳುವಿರುವ ಮನುಷ್ಯನ ಮಲದ ಮೂಲಕ ಹೊರಬೀಳುವ ಮೊಟ್ಟೆಗಳಿಂದ. ಕೈ ತೊಳೆಯದ ಅಡುಗೆಯವನೊಬ್ಬ ಶುದ್ಧ ಸಸ್ಯಾಹಾರಿಗೂ ಅದನ್ನು ಅಂಟಿಸಬಲ್ಲ. ಆದ್ದರಿಂದ ಶೌಚದ ನಂತರ ಸಾಬೂನಿನಿಂದ ಕೈ ತೊಳೆಯುವ ನಿಯಮ ಮಾಂಸದ ಅಡುಗೆಮನೆಗೆ ಮಾತ್ರವಲ್ಲ, ಎಲ್ಲ ಅಡುಗೆಮನೆಗೂ.

ಸಾಸು

ಜಪಾನಿನಲ್ಲಿ ಹಣ್ಣು, ತರಕಾರಿ, ವಿನೆಗರಿನಿಂದ ಮಾಡಿದ ಗಟ್ಟಿ ಕಂದು ಸಾಸು ಬಾಟಲಿಯಲ್ಲೇ ಸಿಗುತ್ತದೆ. ನಮ್ಮಲ್ಲಿ ಹೀಗೆ ಮಾಡಬಹುದು: ವಿಜಯಪುರದ ಒಣದ್ರಾಕ್ಷಿ 30 ಗ್ರಾಂ ಬಿಸಿನೀರಿನಲ್ಲಿ ನೆನೆಸಿ, ಒಂದು ಸಣ್ಣ ಈರುಳ್ಳಿಯನ್ನು ಹುರಿದು, ಎರಡನ್ನೂ ನುಣ್ಣಗೆ ರುಬ್ಬಿ. ಓಝರ್‌ನವರಿಗೆ ಈರುಳ್ಳಿಗೆ ಬರವಿಲ್ಲ, ಲಾಸಲಗಾಂವ್ ಅದೇ ನಿಫಾಡ್ ತಾಲ್ಲೂಕಿನದು. ಅದಕ್ಕೆ ಟೊಮೆಟೊ ಕೆಚಪ್ 100 ಗ್ರಾಂ, ವೂಸ್ಟರ್ ಸಾಸ್ 40 ಮಿ.ಲೀ., ಸೋಯಾ ಸಾಸ್ 15 ಮಿ.ಲೀ. ಸೇರಿಸಿ ಸಣ್ಣ ಉರಿಯಲ್ಲಿ ಐದು ನಿಮಿಷ ಕುದಿಸಿ. ಚಮಚದ ಬೆನ್ನಿಗೆ ಅಂಟುವಷ್ಟು ಗಟ್ಟಿಯಾಗಬೇಕು. ತೆಳ್ಳಗಿದ್ದರೆ ಬ್ರೆಡ್ ಕುಡಿದುಬಿಡುತ್ತದೆ. ಕೆಲವು ಕಂಪನಿಗಳ ವೂಸ್ಟರ್ ಸಾಸಿನಲ್ಲಿ ಮೀನು ಇರುತ್ತದೆ, ಸಸ್ಯಾಹಾರಿ ಪಂಕ್ತಿಗೆ ಬಳಸುವ ಮುನ್ನ ಲೇಬಲ್ ಓದಿ.

ಜೋಡಿಸುವುದು

ಬ್ರೆಡ್ ಹಾಲು, ಬೆಣ್ಣೆ ಹಾಕಿದ ಮೃದುವಾದ ಚೌಕ ಬ್ರೆಡ್ ಆಗಿರಲಿ. ಖಾಲಿ ಮೈದಾ-ನೀರಿನ ಬ್ರೆಡ್ ಫ್ರಿಜ್ಜಿನಲ್ಲಿ ಬೇಗ ಬಿರುಸಾಗುತ್ತದೆ. ಹಾಲಿನ ಬ್ರೆಡ್ ತಡೆದುಕೊಳ್ಳುತ್ತದೆ. ಬೇಕರಿಯವರಿಗೆ ಹಿಂದಿನ ದಿನವೇ ಹೇಳಿ ದಪ್ಪ ಹೋಳು ಮಾಡಿಸಿಕೊಳ್ಳಿ.

ಸಾಸಿವೆ ಪುಡಿಯನ್ನು ನೀರಿನಲ್ಲಿ ಕಲಸಿ ಹತ್ತು ನಿಮಿಷ ಬಿಟ್ಟು, ಮೆತ್ತಗಾದ ಬೆಣ್ಣೆಗೆ ಸೇರಿಸಿ. ಎರಡೂ ಹೋಳಿನ ಒಳಬದಿಗೆ ಅಂಚಿನವರೆಗೂ ಬಿಡದೆ ಹಚ್ಚಿ. ಇದು ರುಚಿಗಷ್ಟೇ ಅಲ್ಲ. ನೀರು ಬ್ರೆಡ್ಡಿಗೆ ಇಳಿಯದಂತೆ ತಡೆಯುವ ಗೋಡೆ ಇದು. ಸಾಸನ್ನು ಬ್ರೆಡ್ಡಿಗೆ ಹಚ್ಚಬೇಡಿ, ಕಟ್ಲೆಟ್ಟಿನ ಎರಡೂ ಬದಿಗೆ ಸವರಿ.

ಕಟ್ಲೆಟ್ಟಿನ ಹಬೆ ಪೂರ್ತಿ ಹೋದ ಮೇಲೆಯೇ ಜೋಡಿಸಬೇಕು. ಜಾಲರಿಯ ಮೇಲೆ 15ರಿಂದ 20 ನಿಮಿಷ ಸಾಕು. ಬಿಸಿ ಇರುವಾಗಲೇ ಮುಚ್ಚಿದರೆ ಹಬೆ ನೀರಾಗಿ ಬ್ರೆಡ್ ಅಂಟಂಟಾಗುತ್ತದೆ. ಎಲೆಕೋಸನ್ನು ಕೂದಲೆಳೆಯಷ್ಟು ಸಣ್ಣಗೆ ಹೆಚ್ಚಿ, ತಣ್ಣೀರಿನಲ್ಲಿ ಐದು ನಿಮಿಷ ಬಿಟ್ಟು, ಬಟ್ಟೆಯಲ್ಲಿ ಕಟ್ಟಿ ನೀರು ಪೂರ್ತಿ ಹಿಂಡಿ. ಕೂಡಲೇ ತಿನ್ನುವವರಿಗೆ ಒಂದು ಹಿಡಿ ಹಾಕಿ. ಬುತ್ತಿಗಾದರೆ ಒಳಗೆ ಹಾಕದೆ ಬೇರೆ ಡಬ್ಬಿಯಲ್ಲಿ ಕೊಡಿ.

ಜೋಡಿಸಿದ್ದನ್ನು ಒಗೆದ ಬಟ್ಟೆಯಲ್ಲಿ ಸುತ್ತಿ, ಮೇಲೆ ಒಂದು ತಟ್ಟೆಯ ಭಾರವಿಟ್ಟು ಐದು ನಿಮಿಷ ಬಿಡಿ. ಆಮೇಲೆ ನಾಲ್ಕೂ ಅಂಚು ತೆಗೆದು ಮೂರು ಪಟ್ಟಿ ಮಾಡಿ. ಚಾಕುವನ್ನು ಪ್ರತಿ ಸಲ ಒರೆಸಿ ಎಳೆದು ಕೊಯ್ಯಿರಿ, ಒತ್ತಬೇಡಿ. ಕೊಯ್ದ ಮುಖ ಮೇಲೆ ಕಾಣುವಂತೆ ಪೆಟ್ಟಿಗೆಯಲ್ಲಿ ಇಡುವುದು ಜಪಾನಿ ಪದ್ಧತಿ. ಮಾಂಸ ಎಷ್ಟು ದಪ್ಪ, ಎಷ್ಟು ಬೆಂದಿದೆ ಎಂಬುದು ಗಿರಾಕಿಗೆ ಅಲ್ಲೇ ಕಾಣುತ್ತದೆ. ಉಳಿದ ಅಂಚನ್ನು ಎಸೆಯಬೇಡಿ, ಒಣಗಿಸಿ ಪುಡಿ ಮಾಡಿದರೆ ತರಕಾರಿ ಕಟ್ಲೆಟ್ಟಿಗೆ ಆಗುತ್ತದೆ.

ಎಷ್ಟು ಹೊತ್ತು ಇಡಬಹುದು

ನಾಶಿಕ್ ಕಡೆ ಏಪ್ರಿಲ್-ಮೇ ತಿಂಗಳಲ್ಲಿ ಬಿಸಿಲು 40 ಡಿಗ್ರಿಯ ಹತ್ತಿರ ಹೋಗುತ್ತದೆ. ಮಾಂಸದ ಅಡುಗೆ ಹೊರಗೆ ಎರಡು ಗಂಟೆ ಮೀರಬಾರದು, ಶಾಖ 32 ಡಿಗ್ರಿ ದಾಟಿದ್ದರೆ ಒಂದೇ ಗಂಟೆ. ಓಝರ್‌ನಲ್ಲಿ ಬೆಳಿಗ್ಗೆ ಕಟ್ಟಿದ್ದನ್ನು ಎಲ್ಲೋರಾದಲ್ಲಿ ಮಧ್ಯಾಹ್ನ ತಿನ್ನಬೇಕಾದರೆ ಗಾಡಿಯ ಡಿಕ್ಕಿಯಲ್ಲಿ ಹಾಗೇ ಒಯ್ಯುವಂತಿಲ್ಲ. ಜೋಡಿಸಿದ ಕೂಡಲೇ ಫ್ರಿಜ್ಜಿಗೆ ಹಾಕಿ 5 ಡಿಗ್ರಿಗೆ ತನ್ನಿ, ಐಸ್ ಪ್ಯಾಕ್ ಇಟ್ಟ ಪೆಟ್ಟಿಗೆಯಲ್ಲಿ ಒಯ್ಯಿರಿ, ತಿನ್ನುವ 15 ನಿಮಿಷ ಮೊದಲು ಹೊರಗೆ ತೆಗೆಯಿರಿ. ಅಷ್ಟು ಏರ್ಪಾಡು ಆಗದಿದ್ದರೆ ಆ ಆರ್ಡರ್ ಒಪ್ಪಿಕೊಳ್ಳದಿರುವುದೇ ಲೇಸು. ಉಳಿದದ್ದನ್ನು ವಾಪಸು ತಂದು ಮರುದಿನ ಮಾರುವ ಮಾತೇ ಬೇಡ.

ಬಾಣಲೆ ಬೇರೆ, ಮಾತು ನೇರ

ಓಝರ್‌ನಂಥ ಕಾರ್ಖಾನೆ ಊರಿನಲ್ಲಿ ಒಂದು ರಾಜ್ಯೋತ್ಸವದ ಊಟಕ್ಕೆ ಕೂತರೆ ಕೊಡಗಿನವರು, ಮಂಗಳೂರಿನವರು, ಲಿಂಗಾಯತರು, ಬ್ರಾಹ್ಮಣರು, ಮುಸಲ್ಮಾನರು ಒಂದೇ ಚಪ್ಪರದಡಿ ಇರುತ್ತಾರೆ. ಒಬ್ಬರಿಗೆ ಪ್ರಿಯವಾದದ್ದು ಇನ್ನೊಬ್ಬರಿಗೆ ನಿಷಿದ್ಧ. ಹಂದಿಮಾಂಸ ಕರಿದ ಎಣ್ಣೆಯಲ್ಲಿ ಬೋಂಡಾ ಕರಿದರೆ ನಾಲಿಗೆಗೆ ಗೊತ್ತಾಗದೇ ಹೋಗಬಹುದು. ಆದರೆ ಗೊತ್ತಾಗಲಿಲ್ಲ ಎಂಬುದು ನಮಗೆ ಸಮಜಾಯಿಷಿ ಅಲ್ಲ. ಜನ ನಮ್ಮ ಅಡುಗೆಮನೆಯ ಒಳಗೆ ಬಂದು ನೋಡುವುದಿಲ್ಲ, ನಂಬಿ ಕೂರುತ್ತಾರೆ. ಒಮ್ಮೆ ಅನುಮಾನ ಬಿದ್ದರೆ ಹೋದ ಗಿರಾಕಿ ಮರಳಿ ಬರುವುದಿಲ್ಲ, ನಾಲ್ಕು ಮನೆಗೆ ಹೇಳಿಯೇ ಹೋಗುತ್ತಾನೆ.

ಆದ್ದರಿಂದ ಬಾಣಲೆ, ಜಾಲರಿ, ಚಾಕು, ಕೊಯ್ಯುವ ಹಲಗೆ, ಇಕ್ಕಳ, ಒರೆಸುವ ಬಟ್ಟೆ ಎಲ್ಲ ಬೇರೆಯಾಗಿರಲಿ. ಹಿಡಿಕೆಗೆ ಕೆಂಪು ಟೇಪು ಸುತ್ತಿ ಗುರುತು ಮಾಡಿ. ಆ ಎಣ್ಣೆಯ ಡಬ್ಬಕ್ಕೂ ಅದೇ ಗುರುತು. ಕರಿದ ಎಣ್ಣೆಯ ಒಟ್ಟು ಧ್ರುವೀಯ ಸಂಯುಕ್ತಗಳು ಶೇ. 25 ಮೀರಬಾರದೆಂದು 2018ರ ಜುಲೈ 1ರಿಂದ ನಿಯಮವಿದೆ. ಬ್ರೆಡ್ ಪುಡಿ ಉದುರಿ ಸುಡುವುದರಿಂದ ಈ ಎಣ್ಣೆ ಬೇಗ ಕೆಡುತ್ತದೆ, ಪ್ರತಿ ಸುತ್ತಿಗೂ ಜಾಲಿಸೌಟಿನಿಂದ ಚೂರು ತೆಗೆಯಿರಿ. ಪೊಟ್ಟಣದ ಮೇಲೆ ಮಾಂಸಾಹಾರದ ಕಂದು ತ್ರಿಕೋನದ ಜೊತೆಗೆ 'ಹಂದಿಮಾಂಸ' ಎಂದು ದಪ್ಪ ಅಕ್ಷರದಲ್ಲಿ ಬರೆಯಿರಿ. ತಯಾರಿಸಿದ ವೇಳೆ, ತಿನ್ನಬೇಕಾದ ವೇಳೆ ಎರಡನ್ನೂ ಹಾಕಿ. ಮನೆಯಲ್ಲೇ ಮಾಡಿ ಮಾರುವವರಿಗೂ ಆಹಾರ ಸುರಕ್ಷತಾ ನೋಂದಣಿ ಬೇಕೇ ಬೇಕು.

ತಿನ್ನದವರಿಗೆ ಏನು

ಜಪಾನಿನಲ್ಲೇ ಕೋಳಿಯ ಕಾತ್ಸು ಉಂಟು. ಕ್ರಮ ಇದೇ, ಶಾಖವೂ 75 ಡಿಗ್ರಿ. ಆಲೂಗಡ್ಡೆಯ 'ಕೊರೊಕ್ಕೆ' ಸ್ಯಾಂಡ್‌ವಿಚ್ ಕೂಡ ಉಂಟು. ಅದು ನಮ್ಮ ಆಲೂ ಕಟ್ಲೆಟ್ಟೇ, ಮಸಾಲೆ ಕಡಿಮೆ. ಮೊಟ್ಟೆಯ ಬದಲು ಮೈದಾ-ನೀರಿನ ಗಂಜಿ ಹಚ್ಚಿ ಬೇರೆ ಬಾಣಲೆಯಲ್ಲಿ ಕರಿದರೆ ಸಸ್ಯಾಹಾರಿಗಳಿಗೂ ಒಪ್ಪಿಗೆ. ಬಟಾಟೆ ವಡೆಯನ್ನು ಪಾವಿನೊಳಗಿಟ್ಟು ತಿನ್ನುವ ಮಹಾರಾಷ್ಟ್ರದ ಜನಕ್ಕೆ ಇದನ್ನು ವಿವರಿಸುವ ಅಗತ್ಯವೇ ಇಲ್ಲ.

ಸದಸ್ಯರು ಮೊದಲು ಹತ್ತು ಸ್ಯಾಂಡ್‌ವಿಚ್ ಮಾಡಿ ಮನೆಯವರಿಗೇ ಕೊಡಿ. ನಾಲ್ಕನ್ನು ಫ್ರಿಜ್ಜಿನಲ್ಲಿಟ್ಟು ನಾಲ್ಕು ಗಂಟೆ ಬಿಟ್ಟು ತೆಗೆದು ನೋಡಿ. ಬ್ರೆಡ್ಡಿನ ಒಳಬದಿ ಒಣಗಿದ್ದು, ಹೊದಿಕೆ ಮಾಂಸಕ್ಕೆ ಅಂಟಿಕೊಂಡೇ ಇದ್ದು, ಕೊಯ್ದ ಮುಖ ಚೊಕ್ಕವಾಗಿದ್ದರೆ ಕೈ ಕುದುರಿತು ಎಂದು ತಿಳಿಯಿರಿ. ಆಮೇಲೆ ಮಾಂಸ, ಎಣ್ಣೆ, ಐಸು, ಪೆಟ್ಟಿಗೆ, ಕೂಲಿ ಎಲ್ಲವನ್ನೂ ಬರೆದು ದರ ಕಟ್ಟಿ. ಮಾಂಸ ಚೊಕ್ಕ ಮಾಡುವಾಗ ಹೋಗುವ 200 ಗ್ರಾಂ, ಬ್ರೆಡ್ಡಿನ ಅಂಚು, ಒಂದೆರಡು ಸುತ್ತಿಗೇ ಬದಲಿಸಬೇಕಾದ ಎಣ್ಣೆ, ಇವು ಲೆಕ್ಕದಿಂದ ತಪ್ಪಿಸಿಕೊಳ್ಳುವ ಬಾಬತ್ತುಗಳು. ಬೇರೆ ಬಾಣಲೆ, ಥರ್ಮಾಮೀಟರ್, ಐಸ್ ಪೆಟ್ಟಿಗೆಯ ಖರ್ಚು ದರದಲ್ಲಿ ಹೊಂದದಿದ್ದರೆ ದರ ಏರಿಸಿ. ಆ ಮೂರನ್ನು ಬಿಟ್ಟು ದರ ಇಳಿಸಬೇಡಿ.